ಯುರೋಪಿನ ಸೇವ್ ಅಮೆರಿಕದ ಡಿಸ್ಕಿನಲ್ಲಿ ತೆರೆಯಿತು: ಪಿಎಸ್‌ಪಿ ರಿಪೇರಿಯಲ್ಲಿ ನನ್ನ ಅನುಭವ

ಮಂಗಳೂರಿನ ಬಿಡಿಭಾಗದ ಅಂಗಡಿಯವರಿಂದ ಹಿಡಿದು ನಮ್ಮ ರಿಪೇರಿಯವರ ವಾಟ್ಸ್ಆ್ಯಪ್ ಗುಂಪಿನವರೆಗೆ ಎಲ್ಲರೂ ಹೇಳಿದ್ದು ಒಂದೇ ಮಾತು. ಪಿಎಸ್‌ಪಿ ಎಂಬ ಸೋನಿಯ ಕೈಯಲ್ಲಿ ಹಿಡಿದು ಆಡುವ ಯಂತ್ರದಲ್ಲಿ, ಯುರೋಪಿನ ಡಿಸ್ಕಿನಲ್ಲಿ ಆಡಿದ ಸೇವ್ (ಆಟ ಎಲ್ಲಿಗೆ ಬಂದಿದೆ ಎಂದು ಉಳಿಸಿಟ್ಟ ಫೈಲು) ಅಮೆರಿಕದ ಡಿಸ್ಕಿನಲ್ಲಿ ತೆರೆಯುವುದಿಲ್ಲ, ಕಾರ್ಡ್ ಫಾರ್ಮ್ಯಾಟ್ ಮಾಡಿ ಗಿರಾಕಿಯನ್ನು ಸಾಗಹಾಕಿ ಎಂದು. ಈಗ ತೆರೆದಿದೆ. ಅದೂ ಕಂಪ್ಯೂಟರಿನ ಪರದೆಯಲ್ಲಲ್ಲ, ಅಸಲಿ ಪಿಎಸ್‌ಪಿ 3004ರಲ್ಲಿ, ಅಸಲಿ ಡಿಸ್ಕಿನಲ್ಲಿ. ಅದರ ವಿಡಿಯೊ ಹಾಕಿದ ಮೇಲೆ ಗುಂಪಿನಲ್ಲಿ ಕೆಲವು ದಿನ ಸದ್ದಿಲ್ಲ. ಆಮೇಲೆ ಒಬ್ಬೊಬ್ಬರೇ ಬೇರೆಯಾಗಿ ಕೇಳತೊಡಗಿದರು. ಎಲ್ಲರಿಗೂ ಪ್ರತ್ಯೇಕವಾಗಿ ಫೋನಿನಲ್ಲಿ ವಿವರಿಸುವಷ್ಟು ಪುರಸೊತ್ತು ನನಗಿಲ್ಲ, ಆದ್ದರಿಂದ ಬರೆಯುತ್ತಿದ್ದೇನೆ.

ನನ್ನ ಅಂಗಡಿ ಇರುವುದು ಕುಂಬಳೆಯಿಂದ ಬದಿಯಡ್ಕಕ್ಕೆ ಹೋಗುವ ದಾರಿಯಲ್ಲಿ. ಮುಖ್ಯ ಕೆಲಸ ಮೊಬೈಲ್ ಡಿಸ್‌ಪ್ಲೇ ಬದಲಾಯಿಸುವುದು. ಆದರೆ ಕಾಸರಗೋಡಿನ ಈ ಕಡೆ ಗಲ್ಫಿಗೆ ಹೋದವರಿಲ್ಲದ ಮನೆ ಕಡಿಮೆ, ಗಲ್ಫಿನಿಂದ ಬಂದ ಪೆಟ್ಟಿಗೆಯಲ್ಲಿ ಒಂದು ಕಾಲದಲ್ಲಿ ಪಿಎಸ್‌ಪಿ ಇಲ್ಲದಿದ್ದದ್ದೂ ಕಡಿಮೆ. ಅವೆಲ್ಲ ಈಗ ಕಪಾಟಿನಿಂದ ಹೊರಗೆ ಬರುತ್ತಿವೆ. ಅಣ್ಣ ಆಡಿದ್ದನ್ನು ತಮ್ಮ ಮುಂದುವರಿಸಬೇಕು, ಅಪ್ಪ ಆಡಿದ್ದನ್ನು ಮಗ ನೋಡಬೇಕು. ಯಂತ್ರ ಹೇಗಾದರೂ ಆಗಲಿ, ಸೇವ್ ಉಳಿಸಿ ಕೊಡಿ ಎನ್ನುವವರೇ ಹೆಚ್ಚು.

ಈ ಗಿರಾಕಿಯದು ಫುಟ್ಬಾಲ್ ಆಟ. ಅಣ್ಣ ದುಬೈಯಲ್ಲಿ ಕೊಂಡ ಡಿಸ್ಕು, ಹಲವು ಸೀಸನ್ ನಡೆಸಿ ಕಟ್ಟಿದ ತಂಡ. ಆಟಗಾರರಿಗೆಲ್ಲ ಊರಿನ ಸೆವೆನ್ಸ್ (ಏಳು ಜನರ ಫುಟ್ಬಾಲ್) ತಂಡದವರ ಹೆಸರು ಇಟ್ಟಿದ್ದಾರೆ. ಆ ಡಿಸ್ಕು ಕಾಲಡಿಗೆ ಸಿಕ್ಕಿ ಮುರಿದುಹೋಯಿತು. ತಮ್ಮ ಸುಮಾರು 900 ರೂಪಾಯಿ ಕೊಟ್ಟು ಅದೇ ಆಟದ ಹಳೆಯ ಡಿಸ್ಕನ್ನು ಆನ್‌ಲೈನಿನಲ್ಲಿ ತರಿಸಿದ. ಆಟ ಶುರುವಾಗುತ್ತದೆ, ಆದರೆ ‘ಸೇವ್ ಡೇಟಾ ಇಲ್ಲ’ ಎನ್ನುತ್ತದೆ. ಯಂತ್ರದ ಸೇವ್ ಪಟ್ಟಿಗೆ ಹೋದರೆ ಅದೇ ಸೇವ್ ಕಣ್ಣಮುಂದೆ ಕುಳಿತಿದೆ.

ಕಾರಣ ಡಿಸ್ಕಿನ ಮೇಲೆಯೇ ಅಚ್ಚಾಗಿರುತ್ತದೆ, ಯಾರೂ ಓದುವುದಿಲ್ಲ. ನಾಲ್ಕು ಅಕ್ಷರ, ಐದು ಅಂಕಿ. ಮೂರನೆಯ ಅಕ್ಷರ ನೋಡಿ: ಇ ಎಂದರೆ ಯುರೋಪ್, ಯು ಎಂದರೆ ಅಮೆರಿಕ, ಜೆ ಎಂದರೆ ಜಪಾನ್. ದುಬೈಯಿಂದ ನನ್ನ ಮೇಜಿಗೆ ಬಂದ ಡಿಸ್ಕುಗಳು ಬಹುಪಾಲು ಯುಎಲ್‌ಇಎಸ್ ಅಥವಾ ಯುಸಿಇಎಸ್. ಹುಡುಗ ತರಿಸಿದ್ದು ಯುಎಲ್‌ಯುಎಸ್. ಪಿಎಸ್‌ಪಿಗೆ ಆಟದ ಡಿಸ್ಕಿನ ಮಟ್ಟಿಗೆ ಪ್ರದೇಶದ ಬೇಲಿ ಇಲ್ಲ, ಯಾವ ದೇಶದ್ದಾದರೂ ಓಡುತ್ತದೆ. ಅದರಿಂದಲೇ ಎಲ್ಲರೂ ಮೋಸ ಹೋಗುವುದು. ಆಟ ಓಡುತ್ತದೆ ಎಂದ ಮೇಲೆ ಸೇವ್ ಕೂಡ ಓಡಬೇಕಲ್ಲ ಎಂದುಕೊಳ್ಳುತ್ತಾರೆ. ಆದರೆ ಸೇವ್ ಫೋಲ್ಡರಿನ ಹೆಸರು ಶುರುವಾಗುವುದೇ ಆ ಸಂಕೇತದಿಂದ. ಒಳಗಿನ ಡೇಟಾಕ್ಕೆ ಬೀಗ ಹಾಕುವ ಕೀಲಿಯನ್ನು ಕೊಡುವುದು ಆಟವೇ. ಹೆಸರು ಬೇರೆಯಾದರೆ ಆಟ ಅದನ್ನು ಹುಡುಕುವುದೇ ಇಲ್ಲ.

ನನ್ನ ಬಳಿಗೆ ಬರುವ ಮೊದಲು ಇನ್ನೊಂದು ಅಂಗಡಿಯಲ್ಲಿ ಫೋಲ್ಡರಿನ ಹೆಸರಷ್ಟನ್ನು ತಿದ್ದಿ ನೋಡಿದ್ದರು. ಆಗ ‘ಇಲ್ಲ’ ಎನ್ನುತ್ತಿದ್ದ ಆಟ ‘ಡೇಟಾ ಕೆಟ್ಟಿದೆ’ ಎನ್ನತೊಡಗಿತು. ಅದನ್ನು ಕಂಡು ಅವರು ಕೈ ಚೆಲ್ಲಿದ್ದಾರೆ. ನನಗೆ ಅದೇ ಒಳ್ಳೆಯ ಸುದ್ದಿ. ‘ಇಲ್ಲ’ ಎನ್ನುವುದಕ್ಕೂ ‘ಕೆಟ್ಟಿದೆ’ ಎನ್ನುವುದಕ್ಕೂ ಬಹಳ ಅಂತರವಿದೆ. ಕೆಟ್ಟಿದೆ ಎಂದರೆ ಆಟ ಫೋಲ್ಡರನ್ನು ಕಂಡಿದೆ, ಬೀಗ ಮಾತ್ರ ತೆರೆಯಲಿಲ್ಲ ಎಂದರ್ಥ.

ಆದರೆ ಅದಕ್ಕೂ ಮೊದಲು ಕಾರ್ಡಿನ ಗಲಾಟೆಯೇ ಒಂದು ವಾರ ತಿಂದಿತು. ಪಿಎಸ್‌ಪಿಗೆ ಹಾಕುವ ಅಸಲಿ ಮೆಮೊರಿ ಕಾರ್ಡ್, ಮೆಮೊರಿ ಸ್ಟಿಕ್ ಪ್ರೊ ಡುಯೊ, ಈಗ ಸಿಗುವುದು ಕಷ್ಟ, ಸಿಕ್ಕಿದರೂ ಬೆಲೆ ಕೇಳಬಾರದು. ಎಲ್ಲರೂ ಹಾಕುವುದು ಮೈಕ್ರೊ ಎಸ್‌ಡಿ ಕೂರಿಸುವ ಅಡಾಪ್ಟರ್. ಈ ಹುಡುಗನದು ಎರಡು ಕಾರ್ಡ್ ಕೂರುವ ಜಾತಿ. ಅಂಥ ಅಡಾಪ್ಟರ್ ಡೇಟಾವನ್ನು ತುಂಡು ತುಂಡು ಮಾಡಿ ಎರಡೂ ಕಾರ್ಡಿಗೆ ಹಂಚಿ ಬರೆಯುತ್ತದೆ. ಒಂದನ್ನು ಕಿತ್ತು ಕಂಪ್ಯೂಟರಿಗೆ ಹಾಕಿದರೆ ಕಾಣುವುದು ಕಸ ಮಾತ್ರ, ವಿಂಡೋಸ್ ತಕ್ಷಣ ಫಾರ್ಮ್ಯಾಟ್ ಮಾಡಲೇ ಎಂದು ಕೇಳುತ್ತದೆ. ಪುಣ್ಯಕ್ಕೆ ಹಿಂದಿನ ಅಂಗಡಿಯವರು ಹೌದು ಎನ್ನಲಿಲ್ಲ. ನಿಯಮ ಇಷ್ಟೇ: ಕಾರ್ಡುಗಳನ್ನು ಕೀಳಬಾರದು, ಪಿಎಸ್‌ಪಿಗೇ ಯುಎಸ್‌ಬಿ ಕೇಬಲ್ ಹಾಕಿ ಅದರ ಮೂಲಕವೇ ಓದಬೇಕು. ಕಿತ್ತಿದ್ದರೆ ಯಾವುದು ಯಾವ ತೂತಿನಲ್ಲಿತ್ತೋ ಅಲ್ಲಿಗೇ ಮರಳಿ ಕೂರಿಸಬೇಕು. ನಾನು ಈಗ ಕಾರ್ಡಿನ ಮೇಲೆ ಮಾರ್ಕರಿನಲ್ಲಿ 1, 2 ಎಂದು ಬರೆದೇ ಮುಟ್ಟುವುದು.

ಓದಿದ್ದನ್ನು ಇಡಲು ತಂದ 64 ಜಿಬಿ ಕಾರ್ಡ್ ನಕಲಿ. ಬೆಲೆ 350 ಇದ್ದಾಗಲೇ ಅನುಮಾನ ಬಂದಿತ್ತು, ಕಾರ್ಡಿನ ನಿಜ ಗಾತ್ರ ಪರೀಕ್ಷಿಸುವ ಎಚ್2ಟೆಸ್ಟ್‌ಡಬ್ಲ್ಯು ಓಡಿಸಿದಾಗ ಒಳಗೆ ನಿಜವಾಗಿ ಇದ್ದದ್ದು ಸುಮಾರು 8 ಜಿಬಿ. ಇಂಥ ಕಾರ್ಡಿನಲ್ಲಿ ಫೈಲಿನ ಹೆಸರು, ಗಾತ್ರ ಎಲ್ಲ ಸರಿಯಾಗಿ ಕಾಣುತ್ತವೆ, ತೆರೆದರೆ ಒಳಗೆ ಬರೀ ಸೊನ್ನೆ. ‘ವರ್ಗಾಯಿಸಿದ ಮೇಲೆ ಆಟ ಹೊಂದುತ್ತಿಲ್ಲ’ ಎಂದು ಬರುವ ಪಿಎಸ್‌ಪಿಗಳಲ್ಲಿ ಕಾಲು ಭಾಗದ ರೋಗ ಇದೇ ಎಂದು ನನ್ನ ಲೆಕ್ಕ. ಇನ್ನು ಅಸಲಿ 64 ಜಿಬಿ ಕಾರ್ಡ್ ಎಕ್ಸ್‌ಫ್ಯಾಟ್ ಎಂಬ ಫಾರ್ಮ್ಯಾಟ್‌ನಲ್ಲಿ ಬರುತ್ತದೆ, ಪಿಎಸ್‌ಪಿ ಅದನ್ನು ಓದುವುದಿಲ್ಲ, ಯಂತ್ರದಲ್ಲೇ ಫಾರ್ಮ್ಯಾಟ್ ಮಾಡಿ. ಇಷ್ಟು ನಿಮಗೆಲ್ಲ ಗೊತ್ತಿರುವುದೇ.

ಬ್ಯಾಟರಿ ಉಬ್ಬಿತ್ತು, ಕಿತ್ತು ಬದಿಗಿಟ್ಟೆ. ಪಿಎಸ್‌ಪಿ ಬ್ಯಾಟರಿ ಇಲ್ಲದೆ ಚಾರ್ಜರಿನಲ್ಲೇ ಓಡುತ್ತದೆ. ಆದರೆ ಆಟಿ ತಿಂಗಳ ಮಳೆಯಲ್ಲಿ ನಮ್ಮ ಕಡೆ ಕರೆಂಟು ಯಾವಾಗ ಹೋಗುತ್ತದೆ, ಯಾವಾಗ ಬರುತ್ತದೆ ಎಂದು ಯಾರು ಹೇಳುತ್ತಾರೆ? ಸೇವ್ ಬರೆಯುವಾಗ ಹೋದರೆ ಅಲ್ಲಿಗೆ ಕಥೆ ಮುಗಿಯಿತು. ಅಂಗಡಿಯ ಯುಪಿಎಸ್‌ಗೆ ಪಿಎಸ್‌ಪಿ ಚಾರ್ಜರನ್ನೂ ಸೇರಿಸಿದೆ. ಹೊಸ ಬ್ಯಾಟರಿಗೆ ಮುಂದೆ ಸುಮಾರು 650 ಹೋಯಿತು. ಅದೂ ಬೇಕೇ ಬೇಕು, ಏಕೆಂದರೆ ಫರ್ಮ್‌ವೇರ್ (ಯಂತ್ರವನ್ನು ನಡೆಸುವ ಮೂಲ ತಂತ್ರಾಂಶ) ಏರಿಸುವಾಗ ಯಂತ್ರ ಬ್ಯಾಟರಿ ಮತ್ತು ಚಾರ್ಜರ್ ಎರಡನ್ನೂ ಕೇಳುತ್ತದೆ. 2015ರಲ್ಲಿ ಬಂದ 6.61 ಕೊನೆಯದು, ಅದಕ್ಕೆ ಏರಿಸಿ, ಹೊರಗಿನವರು ತಿದ್ದಿದ ಕಸ್ಟಮ್ ಫರ್ಮ್‌ವೇರ್ ಹಾಕಿಕೊಂಡೆ.

ಈಗ ಮುಖ್ಯ ಕೆಲಸ. ಸೇವ್‌ನ ಬೀಗ ತೆರೆಯಲು ಯುರೋಪಿನ ಆಟವೇ ಬೇಕು, ಏಕೆಂದರೆ ಕೀಲಿ ಇರುವುದು ಅದರೊಳಗೆ. ಉಪ್ಪಳದ ಗೆಳೆಯರೊಬ್ಬರ ಬಳಿ ಆ ಡಿಸ್ಕು ಇತ್ತು. ಮಾರುವುದಿಲ್ಲ ಎಂದರು, ಎರವಲು ಕೊಟ್ಟರು. ಕಸ್ಟಮ್ ಫರ್ಮ್‌ವೇರ್‌ನಲ್ಲಿ ಸೆಲೆಕ್ಟ್ ಒತ್ತಿ ಬರುವ ಮೆನುವಿನಲ್ಲಿ ಯುಎಸ್‌ಬಿ ಸಾಧನವನ್ನು ಯುಎಂಡಿ ಡಿಸ್ಕ್ (ಪಿಎಸ್‌ಪಿ ಡಿಸ್ಕಿನ ಹೆಸರು) ಎಂದು ಬದಲಾಯಿಸಿದರೆ ಇಡೀ ಡಿಸ್ಕು ಕಂಪ್ಯೂಟರಿನಲ್ಲಿ ಐಎಸ್‌ಒ ಎಂಬ ಒಂದೇ ಫೈಲಾಗಿ ಕಾಣುತ್ತದೆ. ಎರಡೂ ಡಿಸ್ಕುಗಳನ್ನು ಹೀಗೆ ಇಳಿಸಿಕೊಂಡೆ. ಲೆನ್ಸಿನ ಮೇಲೆ ಕರಾವಳಿಯ ತೇವಕ್ಕೆ ಬೆಳ್ಳಗೆ ಬೂಸ್ಟು ಕಟ್ಟಿತ್ತು. ಐಪಿಎಯಲ್ಲಿ (ಐಸೊಪ್ರೊಪೈಲ್ ಆಲ್ಕೋಹಾಲ್) ಅದ್ದಿದ ಹತ್ತಿಯ ಕಡ್ಡಿಯಿಂದ ಒರೆಸಿದ ಮೇಲೆಯೇ ಅರ್ಧಕ್ಕೆ ನಿಲ್ಲುತ್ತಿದ್ದ ಓದು ಪೂರ್ತಿಯಾದದ್ದು. ಯುರೋಪಿನ ಐಎಸ್‌ಒವನ್ನೇ ಕಾರ್ಡಿಗೆ ತುಂಬಿ ಕೊಡಬಹುದಿತ್ತಲ್ಲ ಎನ್ನುವವರಿಗೆ ಒಂದು ಮಾತು: ಎರವಲು ತಂದ ಡಿಸ್ಕಿನ ಪ್ರತಿ ಹಂಚುವ ಅಂಗಡಿ ನನ್ನದಲ್ಲ. ಕೆಲಸ ಮುಗಿದೊಡನೆ ಅಳಿಸಿದೆ.

ಕಂಪ್ಯೂಟರಿನಲ್ಲಿ ಪಿಪಿಎಸ್‌ಎಸ್‌ಪಿಪಿ. 2012ರಿಂದ ಇರುವ ಎಮ್ಯುಲೇಟರ್, ಅಂದರೆ ಪಿಎಸ್‌ಪಿ ಆಟವನ್ನು ಕಂಪ್ಯೂಟರಿನಲ್ಲಿ ಓಡಿಸುವ ತಂತ್ರಾಂಶ; ಪಿಎಸ್‌ಪಿಯ ಬೀಗದ ಸೇವ್ ಅನ್ನು ನೇರವಾಗಿ ಓದುತ್ತದೆ. ಅದರ ಸೆಟ್ಟಿಂಗುಗಳಿರುವ ಐಎನ್‌ಐ ಫೈಲಿನಲ್ಲಿ ‘ಎನ್‌ಕ್ರಿಪ್ಟ್‌ಸೇವ್’ ಎಂಬ ಒಂದು ಸಾಲಿದೆ. ಅದನ್ನು ‘ಫಾಲ್ಸ್’ ಮಾಡಿ, ಯುರೋಪಿನ ಆಟದಲ್ಲಿ ಹಳೆಯ ಸೇವ್ ತೆರೆದು, ಮತ್ತೆ ಸೇವ್ ಮಾಡಿದೆ. ಈಗ ಬೀಗವಿಲ್ಲದ ಡೇಟಾ ಕೈಗೆ ಬಂತು. ಮುಂದೆ ಫೋಲ್ಡರಿನ ಹೆಸರು ಬದಲಾಯಿಸಬೇಕು, ಜೊತೆಗೆ ಒಳಗಿನ ಪ್ಯಾರಮ್ ಎಸ್‌ಎಫ್‌ಒ ಫೈಲಿನಲ್ಲಿ ಬರೆದಿರುವ ಫೋಲ್ಡರ್ ಹೆಸರನ್ನೂ ಬದಲಾಯಿಸಬೇಕು. ಅದನ್ನು ಎಲ್ಲರೂ ಮರೆಯುತ್ತಾರೆ. ಫೈಲಿನ ಬೈಟುಗಳನ್ನು ನೇರವಾಗಿ ತಿದ್ದುವ ಹೆಕ್ಸ್ ಎಡಿಟರಿನಲ್ಲಿ ಒಂಬತ್ತು ಅಕ್ಷರ ಅಳಿಸಿ ಒಂಬತ್ತು ಅಕ್ಷರ ಬರೆದರೆ ಉದ್ದ ಕೆಡುವುದಿಲ್ಲ. ನಂತರ ಅಮೆರಿಕದ ಆಟದಲ್ಲಿ ತೆರೆದು, ಐಎನ್‌ಐಯ ಆ ಸಾಲನ್ನು ‘ಟ್ರೂ’ಗೆ ಮರಳಿಸಿ ಮತ್ತೊಮ್ಮೆ ಸೇವ್. ಈಗ ಬಿದ್ದಿರುವುದು ಅಮೆರಿಕದ ಕೀಲಿಯ ಬೀಗ. ಆ ಫೋಲ್ಡರನ್ನು ಪಿಎಸ್‌ಪಿಯ ಸೇವ್‌ಡೇಟಾದೊಳಗೆ ಹಾಕಿದರೆ ಆಯಿತು.

ಹೇಳುವಷ್ಟು ಸಲೀಸಾಗಿ ಆಗಲಿಲ್ಲ ಎಂಬುದು ನಿಮಗೆ ಗೊತ್ತಾಗಿರಬೇಕು. ಅಮೆರಿಕದ ಆಟ ಮೊದಲು ಸೇವ್ ತೆರೆದು, ತಂಡದ ಹೆಸರು ತೋರಿಸಿ, ಪಂದ್ಯ ಶುರುವಾಗುವಾಗ ಕಪ್ಪು ಪರದೆಗೆ ಬಿತ್ತು. ಎರಡೂ ಪ್ರದೇಶದ ಸೇವ್‌ಗಳ ಗಾತ್ರ ಒಂದೇ. ಹೊಸದಾಗಿ ಅಮೆರಿಕದ ಆಟದಲ್ಲಿ ಒಂದು ಸೇವ್ ಮಾಡಿ, ಎರಡನ್ನೂ ಅಕ್ಕಪಕ್ಕ ಇಟ್ಟು ಸಾಲು ಸಾಲಾಗಿ ನೋಡಿದಾಗ ಶುರುವಿನ ಕೆಲವು ಬೈಟುಗಳು ಬೇರೆ ಇದ್ದವು: ಒಂದು ಭಾಷೆಯ ಆಯ್ಕೆ, ಇನ್ನೊಂದು ಮೊತ್ತ ತಾಳೆ ನೋಡುವ ಅಂಕಿ. ಯುರೋಪಿನ ಡಿಸ್ಕಿನಲ್ಲಿ ಐದು ಭಾಷೆ, ಅಮೆರಿಕದ್ದರಲ್ಲಿ ಅಷ್ಟಿಲ್ಲ. ಇಲ್ಲದ ಭಾಷೆಯನ್ನು ಕೇಳಿದರೆ ಆಟ ಬೀಳದೆ ಇನ್ನೇನು ಮಾಡುತ್ತದೆ? ಆ ಬೈಟುಗಳನ್ನು ಹೇಗೆ ಹೊಂದಿಸಿದೆ ಎನ್ನುವುದನ್ನು ಇಲ್ಲಿ ಬರೆಯುವುದಿಲ್ಲ. ಅದಕ್ಕೆ ನನ್ನ ನಿದ್ದೆ ಹೋಗಿದೆ. ಹೆಕ್ಸ್ ಗೊತ್ತಿರುವವರಿಗೆ ಇಷ್ಟು ಸುಳಿವು ಸಾಕು.

ಹುಡುಗನನ್ನು ಕರೆಸಿ ಕೈಗೆ ಕೊಟ್ಟೆ. ಲೋಡ್ ಒತ್ತಿದ. “ಅಣ್ಣಾ, ಗೋಲ್‌ಕೀಪರ್ ನಮ್ಮ ಮಾವ!” ಎಂದು ಅಂಗಡಿಯೆಲ್ಲ ಕೇಳುವಂತೆ ಕೂಗಿದ. ದುಬೈಯಲ್ಲಿದ್ದ ಅವನ ಅಣ್ಣ ವಿಡಿಯೊ ಕರೆಯಲ್ಲಿದ್ದರು. ಎಷ್ಟು ಕೊಡಬೇಕು ಎಂದು ಕೇಳಿದರು. ಬ್ಯಾಟರಿ, ನಕಲಿ ಕಾರ್ಡು, ಮತ್ತೆ ತಂದ ಅಸಲಿ ಕಾರ್ಡು, ಉಪ್ಪಳದ ಓಡಾಟ ಎಲ್ಲ ಸೇರಿ ನನ್ನ ಕೈಯಿಂದಲೇ ಸುಮಾರು 1,900 ಹೋಗಿತ್ತು. 1,500 ಎಂದೆ, 2,000 ಹಾಕಿದರು. ಕೂಲಿ ಲೆಕ್ಕಕ್ಕೆ ಹಿಡಿದರೆ ನಷ್ಟವೇ. ಆದರೆ ಆಮೇಲೆ ಬಂದ ಇಂಥ ಕೆಲಸಗಳಿಗೆ 600ರಂತೆ ತೆಗೆದುಕೊಳ್ಳುತ್ತಿದ್ದೇನೆ, ಒಂದು ಸಂಜೆಯಲ್ಲಿ ಮುಗಿಯುತ್ತದೆ. ಎಲ್ಲ ಆಟಕ್ಕೂ ಆಗುತ್ತದೆ ಎಂದುಕೊಳ್ಳಬೇಡಿ. ಎರಡು ಪ್ರದೇಶದ ಸೇವ್‌ಗಳ ಗಾತ್ರವೇ ಬೇರೆಯಾಗಿದ್ದರೆ ನಾನು ಮುಟ್ಟದೆ ವಾಪಸ್ ಕೊಡುತ್ತೇನೆ.

ಈ ಹುಚ್ಚಿನಲ್ಲಿ ಬೇರೆ ಯಂತ್ರಗಳ ಕಡೆಗೂ ಕೈ ಹೋಯಿತು. ನಿಂಟೆಂಡೊದ ಹಳೆಯ ಯಂತ್ರ ಗೇಮ್‌ಬಾಯ್ ಅಡ್ವಾನ್ಸ್‌ನ ಪೋಕೆಮಾನ್ ಫೈರ್‌ರೆಡ್ ಸೇವ್ ಅನ್ನು ಚೀನಾದ ಎಮ್ಯುಲೇಟರ್ ಯಂತ್ರಕ್ಕೆ ಹಾಕಿದಾಗ ‘1ಎಂ ಸಬ್ ಸರ್ಕ್ಯೂಟ್ ಬೋರ್ಡ್ ಅಳವಡಿಸಿಲ್ಲ’ ಎಂದು ಬರುತ್ತದೆ. ಪರಿಚಯದ ಮೆಕ್ಯಾನಿಕ್ ಒಬ್ಬರು ಅದನ್ನು ನಂಬಿ ಬೋರ್ಡ್ ಬಿಚ್ಚಿದ್ದರು! ಬೋರ್ಡಿಗೂ ಅದಕ್ಕೂ ಸಂಬಂಧವಿಲ್ಲ. ಆ ಆಟ ಕೇಳುವುದು 128 ಕೆಬಿಯ ಫ್ಲ್ಯಾಶ್ ಸೇವ್, ಎಮ್ಯುಲೇಟರ್ 64ಕ್ಕೆ ನಿಂತಿರುತ್ತದೆ. ಸೆಟ್ಟಿಂಗಿನಲ್ಲಿ 128 ಮಾಡಿದರೆ ಮುಗಿಯಿತು. ಇನ್ನು ಸೇವ್ ಸ್ಟೇಟ್ (ಆಟದ ಆ ಕ್ಷಣವನ್ನು ಎಮ್ಯುಲೇಟರೇ ಹಿಡಿದಿಡುವ ಫೈಲು) ಎಂಬುದನ್ನು ಒಂದು ಎಮ್ಯುಲೇಟರಿನಿಂದ ಇನ್ನೊಂದಕ್ಕೆ ಒಯ್ಯುವ ಆಸೆಯನ್ನೇ ಬಿಡಿ, ಆಟದೊಳಗಿನ ಸೇವ್ ಮಾತ್ರ ನಂಬಿ.

ನಿಂಟೆಂಡೊ ಸ್ವಿಚ್ ತಂದು, ಕಾರ್ಡ್ ಕಿತ್ತು ಇನ್ನೊಂದು ಸ್ವಿಚ್‌ಗೆ ಹಾಕಿದೆವು, ಏನೂ ಬರಲಿಲ್ಲ ಎನ್ನುವವರು ಈಗ ಹೆಚ್ಚು. ಸ್ವಿಚ್‌ನಲ್ಲಿ ಸೇವ್ ಇರುವುದು ಕಾರ್ಡಿನಲ್ಲಲ್ಲ, ಯಂತ್ರದ ಒಳಗೆ. ಸೆಟ್ಟಿಂಗಿನ ಡೇಟಾ ವರ್ಗಾವಣೆಯಿಂದ ಸಾಗಿಸಬಹುದು. ನಿಂಟೆಂಡೊದ್ದೇ 3ಡಿಎಸ್‌ನಲ್ಲಾದರೆ ಎರಡೂ ಯಂತ್ರಗಳು ಒಂದೇ ಪ್ರದೇಶದವಾಗಿರಬೇಕು. ಒಂದು ಅಮೆರಿಕದ್ದು, ಇನ್ನೊಂದು ಯುರೋಪಿನದು ಆದರೆ ಮೇಲಿನ ನನ್ನ ವಿದ್ಯೆ ಅಲ್ಲಿ ನಡೆಯುವುದಿಲ್ಲ.

ಸದ್ಯ ಮೇಜಿನ ಮೇಲೆ ಒಂದು ಪಿಎಸ್‌ಪಿ ಗೋ ಇದೆ, ಮಂಜೇಶ್ವರದ ಕಡೆಯದು. ಅದಕ್ಕೆ ಡಿಸ್ಕಿನ ಬಾಯಿಯೇ ಇಲ್ಲ, ಒಳಗೆ 16 ಜಿಬಿ ಮೆಮೊರಿ, ಹೊರಗೆ ಎಂ2 ಎಂಬ ಸೋನಿಯ ಚಿಕ್ಕ ಮೆಮೊರಿ ಕಾರ್ಡ್. ಸೇವ್ ಜಪಾನಿನ ಆಟದ್ದು. ಮೂಲ ಎಂ2 ಕಾರ್ಡ್ ಸವೆದಿದೆ, ಹೊಸದು ಎಲ್ಲೂ ಸಿಗುತ್ತಿಲ್ಲ. ಯಾರ ಡಬ್ಬಿಯಲ್ಲಾದರೂ ನಡೆಯುವ ಎಂ2 ಬಿದ್ದಿದ್ದರೆ, 4 ಜಿಬಿಯಾದರೂ ಸರಿ, 500ರವರೆಗೆ ಕೊಡುತ್ತೇನೆ. ಆದರೆ ಅಂಗಡಿಗೆ ತಂದು, ನನ್ನೆದುರೇ ಎಚ್2ಟೆಸ್ಟ್‌ಡಬ್ಲ್ಯು ಓಡಿಸಿ ಕೊಡಬೇಕು.