‘ಗ್ರೀಕರು ಇಷ್ಟು’ ಎಂದು ಬರೆದುಕೊಳ್ಳುವ ಮುನ್ನ

ಒಟ್ಟೋಮನ್ ಸಾಮ್ರಾಜ್ಯದ ಕೊನೆಗಾಲದ ಜನಸಂಖ್ಯಾ ಪಟ್ಟಿಯಲ್ಲಿ ಗ್ರೀಕರ ಅಂಕಿ ಕಂಡ ಕೂಡಲೇ ಟಿಪ್ಪಣಿ ಮಾಡಿಕೊಳ್ಳಬೇಡಿ. ಎಣಿಸಿದವನು ಏನು ಕೇಳಿದ್ದ, ಮನೆಮಾತನ್ನೋ ಚರ್ಚನ್ನೋ, ನೋಡಿ. ಬಹುಪಾಲು ಚರ್ಚನ್ನೇ. ಸುಲ್ತಾನನ ದಫ್ತರಿನಲ್ಲಿ ಪ್ರಜೆಗಳು ಮಿಲ್ಲೆತ್‌ಗಳಾಗಿ, ಅಂದರೆ ಧಾರ್ಮಿಕ ಸಮುದಾಯಗಳಾಗಿ ದಾಖಲಾಗುತ್ತಿದ್ದರು. ಕಾನ್‌ಸ್ಟಾಂಟಿನೋಪಲಿನ ಪೇಟ್ರಿಯಾರ್ಕನಿಗೆ, ಅಂದರೆ ಆರ್ಥಡಾಕ್ಸ್ ಚರ್ಚಿನ ಹಿರಿಯ ಧರ್ಮಗುರುವಿಗೆ ಸೇರಿದವರೆಲ್ಲ ‘ರೂಮ್’; ಪಟ್ಟಿಯ ‘ಗ್ರೀಕರು’ ಇವರೇ. ಅವರಲ್ಲಿ ಸ್ಲಾವ್ ನುಡಿಯವರೂ ಇದ್ದರು, ಅಲ್ಬೇನಿಯನ್ ಆಡುವವರೂ ಇದ್ದರು.

ಆಮೇಲೆ ಇಸವಿ. 1870ರ ಫರ್ಮಾನಿನಿಂದ ಬಲ್ಗೇರಿಯನ್ನರಿಗೆ ಎಕ್ಸಾರ್ಕೇಟ್ ಎಂಬ ಪ್ರತ್ಯೇಕ ಚರ್ಚು ಸಿಕ್ಕಿತು. ಅಲ್ಲಿಂದ ಮುಂದಿನ ಮೆಸಿಡೋನಿಯದ ಅಂಕಿಗಳನ್ನು ಅನುಮಾನವಿಟ್ಟುಕೊಂಡೇ ಓದಿ. ಒಂದೇ ನುಡಿಯಾಡುವ ಎರಡು ಹಳ್ಳಿಗಳಲ್ಲಿ ಪೇಟ್ರಿಯಾರ್ಕನ ಕಡೆ ಉಳಿದದ್ದು ಗ್ರೀಕರ ಲೆಕ್ಕಕ್ಕೆ, ಎಕ್ಸಾರ್ಕನ ಕಡೆ ಹೋದದ್ದು ಬಲ್ಗೇರಿಯನ್ನರ ಲೆಕ್ಕಕ್ಕೆ. ಪಾದ್ರಿ ಬದಲಾದರೆ ಜನಾಂಗವೇ ಬದಲು! ಅಥೆನ್ಸಿನವರ ಅಂಕಿಗಳನ್ನೂ ಸೋಫಿಯಾದವರದ್ದನ್ನೂ ಪಕ್ಕಪಕ್ಕ ಇಟ್ಟುಕೊಳ್ಳಿ. ಒಂದನ್ನೇ ನೋಡಿ ಮಾತಾಡುವವರನ್ನು ನಾನು ನಂಬುವುದಿಲ್ಲ.

ಲಿಪಿ ಇನ್ನೂ ಮೋಸದ್ದು. ನಡು ಅನಾತೋಲಿಯದ ಕಪ್ಪಡೋಕಿಯದ ಕರಮನ್ಲಿಗಳು ಆರ್ಥಡಾಕ್ಸ್ ಕ್ರೈಸ್ತರು. ಆಡುತ್ತಿದ್ದದ್ದು ಟರ್ಕಿಶ್, ಅದನ್ನು ಬರೆಯುತ್ತಿದ್ದದ್ದು ಗ್ರೀಕ್ ಅಕ್ಷರಗಳಲ್ಲಿ. ಇಸ್ತಾಂಬುಲಿನ ಬಾಲಿಕ್ಲಿ ಮಠದ ಅಂಗಳಕ್ಕೆ ಹಾಸಿರುವ ಗೋರಿಕಲ್ಲುಗಳ ಮೇಲೆ ಅವರ ಬರಹವಿದೆ. ಅಂಥದ್ದು ಸಿಕ್ಕರೆ ಗ್ರೀಕ್ ನಿಘಂಟು ಮುಚ್ಚಿಟ್ಟು ಗಟ್ಟಿಯಾಗಿ ಓದಿ. ಕಿವಿಗೆ ಬೀಳುವುದು ಟರ್ಕಿಶ್. ಅಚ್ಚಾದ ಪುಸ್ತಕಗಳಲ್ಲಿ ‘ಪೈ’ ಅಕ್ಷರದ ನೆತ್ತಿಯ ಮೇಲೆ ಚುಕ್ಕೆಯಿದ್ದರೆ ಬಕಾರ, ‘ತಾವ್’ ಮೇಲಿದ್ದರೆ ದಕಾರ, ‘ಸಿಗ್ಮಾ’ ಮೇಲಿದ್ದರೆ ಶಕಾರ. ಚುಕ್ಕೆ ಕಾಣದಿದ್ದರೆ ಎರಡೂ ಬಗೆಯಲ್ಲಿ ಓದಿ ನೋಡಿ.

ಕ್ರೀಟ್‌ನ ಮುಸ್ಲಿಮರದು ಇದರ ತಿರುವುಮುರುವು: ಮನೆಮಾತು ಗ್ರೀಕ್.

ಗ್ರೀಸ್ ಮತ್ತು ಟರ್ಕಿ ತಮ್ಮಲ್ಲಿನ ಜನರನ್ನು ಅದಲುಬದಲು ಮಾಡಿಕೊಳ್ಳಲು ಒಪ್ಪಿದ, 1923ರ ಜನವರಿ 30ರ ಲೊಸಾನ್ ಒಪ್ಪಂದದ ಮೊದಲ ಕಲಮನ್ನು ತೆರೆದು ನೋಡಿ. ವಿನಿಮಯಕ್ಕೆ ಅಳತೆಗೋಲು ಧರ್ಮ; ಭಾಷೆಯ ಸುದ್ದಿಯೇ ಇಲ್ಲ. ಹೀಗಾಗಿ ಕರಮನ್ಲಿಗಳು ಗ್ರೀಸಿಗೆ, ಕ್ರೀಟ್‌ನ ಮುಸ್ಲಿಮರು ಟರ್ಕಿಗೆ. ಆದರೆ ಗ್ರೀಸ್ ಸೇರಿದ ಸುಮಾರು 12 ಲಕ್ಷ ಮಂದಿಯನ್ನೂ ಈ ಒಪ್ಪಂದವೇ ಕಳುಹಿಸಿತೆಂದು ಬರೆಯಬೇಡಿ. ಹೆಚ್ಚಿನವರು 1922ರಲ್ಲೇ, ಸ್ಮಿರ್ನಾ (ಇಂದಿನ ಇಜ್ಮಿರ್) ನಗರ ಉರಿದ ಹೊತ್ತಿಗೆ, ಜೀವ ಉಳಿಸಿಕೊಳ್ಳಲು ಓಡಿಬಂದವರು. ಕಪ್ಪಡೋಕಿಯದವರು ಹೊರಟದ್ದು ಮಾತ್ರ ಒಪ್ಪಂದದ ಅನ್ವಯ. ಓಡಿಬಂದವರಿಗೂ ಒಪ್ಪಂದದಿಂದ ಹೊರಟವರಿಗೂ ನಿಮ್ಮ ಪಟ್ಟಿಯಲ್ಲಿ ಬೇರೆ ಬೇರೆ ಕಾಲಂ ಇರಲಿ. ವಿನಾಯಿತಿ ಪಡೆದು ನಿಂತ ಇಸ್ತಾಂಬುಲಿನ ಗ್ರೀಕರಿಗೂ ಪಶ್ಚಿಮ ಥ್ರೇಸಿನ ಮುಸ್ಲಿಮರಿಗೂ ಇನ್ನೊಂದು.