90 ಮೀಟರ್ ಒಳಗೇ ಸಿನಿಮಾ ಮುಗಿಸಿದೆ

ನಾನೇ ಬರೆದು, ಶೂಟ್ ಮಾಡಿ, ಎಡಿಟ್ ಮಾಡಿ, ಧ್ವನಿಯನ್ನೂ ಕೊಟ್ಟ 18 ನಿಮಿಷದ ಡಾಕ್ಯುಮೆಂಟರಿ ಕೊನೆಗೂ ಮುಗಿಯಿತು. ಪ್ಯಾರಿಸ್‌ಗೆ ಬಂದ ಮೇಲೆ ಮೂರನೇ ಪ್ರಯತ್ನ.

"ಆನ್ಯೆಸ್ ವಾರ್ದಾ ಅವರಿಗೇ ಎಡಿಟರ್ ಇದ್ದರು, ನೀನೊಬ್ಬಳೇ ಎಲ್ಲ ಮಾಡ್ತೀಯಾ?" ಅಂತ ಗೆಳೆಯರು ಕೇಳುತ್ತಲೇ ಇದ್ದರು. ಮಾತು ನಿಜ. ಫ್ರಾನ್ಸಿನ ಹೆಸರಾಂತ ನಿರ್ದೇಶಕಿ ವಾರ್ದಾ ಮೊದಲು ಫೋಟೋಗ್ರಾಫರ್ ಆಗಿದ್ದರು. ಅವರು 1954ರಲ್ಲಿ ತಮ್ಮದೇ ಕಂಪನಿ ಕಟ್ಟಿ ಸೆತ್ ಊರಿನಲ್ಲಿ ಮೊದಲ ಚಿತ್ರ ತೆಗೆದರು, ಅದನ್ನು ಎಡಿಟ್ ಮಾಡಿದ್ದು ಅಲೆನ್ ರೆನೆ. ಆದರೆ ಕ್ಯಾಮೆರಾ, ಎಡಿಟಿಂಗ್, ನಿರೂಪಣೆ ಎಲ್ಲವೂ ಅವರಿಗೆ ಬರವಣಿಗೆಯೇ ಆಗಿತ್ತು. ಅದಕ್ಕೆ 'ಸಿನೆಕ್ರಿತ್ಯೂರ್', ಅಂದರೆ ಸಿನಿಮಾ ಬರವಣಿಗೆ, ಅಂತ ಹೆಸರನ್ನೂ ಇಟ್ಟಿದ್ದರು. ನಾನು ಹಿಡಿದುಕೊಂಡಿದ್ದು ಅದನ್ನು.

ಮೊದಲ ಸಲ ಬಾಡಿಗೆ ಕ್ಯಾಮೆರಾ, ಕ್ಯಾಮೆರಾಮನ್, ಊರೆಲ್ಲ ಸುತ್ತಾಟ. ಸುಮಾರು 3,000 ಯೂರೋ ಹೋಯಿತು. ಎಡಿಟರ್ ಮೂರು ವಾರ ಕೂತು, "ಇದರಲ್ಲಿ ಏನು ಹೇಳಬೇಕು ಅಂತಿದ್ದೀರಿ?" ಅಂದರು. ಉತ್ತರ ನನ್ನ ಹತ್ತಿರ ಇರಲಿಲ್ಲ. ಎರಡನೇ ಸಲ ಒಬ್ಬಳೇ ಸಂತೆಗೆ ಹೋದೆ, ಗಾಳಿ ಹೊಡೆದು ಅರ್ಧ ಸೌಂಡ್ ಹಾಳಾಯಿತು. ಮೈಕ್ ಬಾಡಿಗೆ 250 ಯೂರೋ ನೀರಿಗೆ ಬಿತ್ತು.

1975ರ ಸುಮಾರಿಗೆ ವಾರ್ದಾ ಅವರ ಮಗ ಚಿಕ್ಕವನು, ಮನೆ ಬಿಟ್ಟು ದೂರ ಹೋಗುವ ಹಾಗಿರಲಿಲ್ಲ. ಮನೆಯ ಕರೆಂಟಿಗೇ 90 ಮೀಟರ್ ಕೇಬಲ್ ಸಿಕ್ಕಿಸಿ, ಅದು ಮುಟ್ಟುವಷ್ಟು ದೂರದ, ತಮ್ಮದೇ ಬೀದಿ ಪ್ಯಾರಿಸ್‌ನ ರ್ಯೂ ದಾಗೇರ್‌ನ ಅಂಗಡಿಗಳನ್ನೇ ಚಿತ್ರ ಮಾಡಿದರು. ಮೂರನೇ ಸಲಕ್ಕೆ ನನಗೆ ಕೇಬಲ್ ಬೇಕಿರಲಿಲ್ಲ, ಅಂಥದ್ದೇ ಗಡಿ ಬೇಕಿತ್ತು. ಪ್ಯಾರಿಸ್‌ನ ಲಾ ಶಾಪೆಲ್ ಹತ್ತಿರದ ನಮ್ಮ ಬಾಗಿಲಿನಿಂದ 120 ಹೆಜ್ಜೆ, ಸುಮಾರು ಅದೇ 90 ಮೀಟರ್, ಎಣಿಸಿದೆ. ಒಂದು ಲಾಂಡ್ರಿ, ತಮಿಳರ ದಿನಸಿ ಅಂಗಡಿ, ಒಬ್ಬ ಹಿರಿಯರ ಶೂ ರಿಪೇರಿ ಅಂಗಡಿ. ಅಷ್ಟೇ.

ಹಿರಿಯರು ಮೊಳೆಗಳನ್ನು ತುಟಿಯಲ್ಲಿ ಕಚ್ಚಿಕೊಂಡು ಒಂದೊಂದೇ ತೆಗೆದು ಹೊಡೆಯುತ್ತಾರೆ. ಮೊದಲೆಲ್ಲ ಬಾಯಿ ಖಾಲಿ ಇದ್ದಾಗ ಪ್ರಶ್ನೆ ಕೇಳುತ್ತಿದ್ದೆ, ಒಂದೇ ಮಾತಿನ ಉತ್ತರ ಬರುತ್ತಿತ್ತು. ಆಮೇಲೆ ಮೊಳೆ ಕಚ್ಚಿದ ತಕ್ಷಣ ಕೇಳಿ ಸುಮ್ನೆ ಕಾದೆ. ಏಳೆಂಟು ಮೊಳೆ ಮುಗಿಯುವ ಹೊತ್ತಿಗೆ ಯೋಚನೆ ಮಾಡಿರುತ್ತಿದ್ದರು, ಕೊನೆಯ ಮೊಳೆ ಹೊಡೆದು ಹತ್ತು ನಿಮಿಷ ಮಾತಾಡುತ್ತಿದ್ದರು. ಮಿಷನ್ ಗದ್ದಲದಲ್ಲೂ ಅವರ ಧ್ವನಿ ತುಂಬ ಚೆನ್ನಾಗಿ ಬಂದಿದೆ, ಮೈಕ್ ಎಲ್ಲಿಟ್ಟೆ ಅಂತ ಮಾತ್ರ ಹೇಳಲ್ಲ.

ನಡುವೆ ಆಲೂಗಡ್ಡೆಯ ಹುಚ್ಚು ಹಿಡಿಯಿತು. 2000ದ ಒಂದು ಚಿತ್ರದಲ್ಲಿ ವಾರ್ದಾ ಚಿಕ್ಕ ಡಿಜಿಟಲ್ ಕ್ಯಾಮೆರಾ ಹಿಡಿದು, ಹೊಲದಲ್ಲಿ ಸುರಿದು ಹೋದ ರಾಶಿಯಿಂದ ಹೃದಯದ ಆಕಾರದ ಆಲೂಗಡ್ಡೆ ಹೆಕ್ಕಿದರು. ಆ ವಿಷಯವನ್ನೇ ಬೆಳೆಸಿ 2003ರಲ್ಲಿ ವೆನಿಸ್ ಬಿಯೆನಾಲೆ ಕಲಾ ಉತ್ಸವದಲ್ಲಿ ಕಲಾಪ್ರದರ್ಶನ ಮಾಡಿದರು, ಆಗ ಅವರಿಗೆ 75 ವರ್ಷ! ನಾನೂ ಕಿಟಕಿಯಲ್ಲಿ ಮೂರು ಆಲೂಗಡ್ಡೆ ಇಟ್ಟು, ನಲವತ್ತು ದಿನ ದಿನಕ್ಕೊಂದು ಫೋಟೋ ತೆಗೆದೆ. ಚಿತ್ರದಲ್ಲಿ ಉಳಿದಿದ್ದು ಎಂಟು ಸೆಕೆಂಡ್. ಆದರೂ ಅದು ನನಗೆ ತುಂಬ ಇಷ್ಟ.

ಎಡಿಟಿಂಗ್ ಐದು ತಿಂಗಳು, ರಾತ್ರಿ ಮಾತ್ರ. ಎಡಿಟ್ ಮಾಡುತ್ತಲೇ ಕನ್ನಡದಲ್ಲಿ ನಿರೂಪಣೆ ಬರೆದೆ, ಕಂಬಳಿ ಹೊದ್ದು ರೆಕಾರ್ಡ್ ಮಾಡಿದೆ, ಫ್ರೆಂಚ್ ಸಬ್‌ಟೈಟಲ್ ಹಾಕಿದೆ. ಸೆಕೆಂಡ್ ಹ್ಯಾಂಡ್ ಕ್ಯಾಮೆರಾ, ರೆಕಾರ್ಡರ್ ಸೇರಿ ಒಟ್ಟು ಖರ್ಚು 700 ಯೂರೋ ದಾಟಿಲ್ಲ.

ಶೂ ಅಂಗಡಿಯಲ್ಲೇ ಬೆಡ್‌ಶೀಟ್ ಕಟ್ಟಿ ತೋರಿಸಿದೆ, ಇಪ್ಪತ್ತೈದು ಜನ ಬಂದಿದ್ದರು. ಒಬ್ಬಳೇ ಎಲ್ಲ ಮಾಡ್ತೀಯಾ ಅಂದಿದ್ದ ಗೆಳೆಯರೂ ಇದ್ದರು. ಮುಗಿದ ಮೇಲೆ ಹಿರಿಯರು ಎದ್ದು ಬಂದು, ಮೊಳೆ ಹೊಡೆಯುವ ಜಾಗವನ್ನು ಇನ್ನೊಂದು ಸಲ ಹಾಕು ಅಂದರು. ಹಾಕಿದೆ.