ಮಗು ಬಾಯಿಬಿಟ್ಟ ಆ ಗಳಿಗೆಯಲ್ಲಿ

ಚಪಾತಿ ಲಟ್ಟಿಸುತ್ತಿದ್ದೀರಿ. ಮಗಳು ನಿಮ್ಮ ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿಕೊಳ್ಳುತ್ತಾ, ‘ಅಮ್ಮಾ, ನಾನಿನ್ನು ಟ್ಯೂಷನ್‌ಗೆ ಹೋಗುವುದಿಲ್ಲ’ ಎನ್ನುತ್ತಾಳೆ. ಯಾಕೆ ಎಂದು ಕೇಳಿದರೆ ತಲೆ ತಗ್ಗಿಸುತ್ತಾಳೆ. ಇದು ಲೈಂಗಿಕ ದೌರ್ಜನ್ಯದ ಸುಳಿವಾಗಿರಬಹುದು. ಮೊದಲು ಒಲೆ ಆರಿಸಿ, ಅವಳ ಪಕ್ಕದಲ್ಲಿ ನೆಲದ ಮೇಲೆ ಕುಳಿತುಕೊಳ್ಳಿ.

‘ಏನಾಯಿತು ಪುಟ್ಟಾ’ ಎಂದಷ್ಟೇ ಕೇಳಿ. ‘ಅವನು ಇಲ್ಲಿ ಮುಟ್ಟಿದನಾ’ ಎಂದು ಉತ್ತರವನ್ನು ನೀವೇ ಬಾಯಿಗಿಡಬೇಡಿ. ‘ಇಷ್ಟು ದಿನ ಯಾಕೆ ಹೇಳಲಿಲ್ಲ’ ಎಂಬ ಮಾತಂತೂ ಬೇಡವೇ ಬೇಡ. ತಪ್ಪು ತನ್ನದೇ ಎಂದು ಮಗುವಿಗೆ ಅನ್ನಿಸಿಬಿಡುತ್ತದೆ. ಹೇಳಿದ್ದು ಒಳ್ಳೆಯದಾಯಿತು, ತಪ್ಪು ನಿನ್ನದಲ್ಲ ಎನ್ನಿ. ಯಾರಿಗೂ ಹೇಳುವುದಿಲ್ಲ ಎಂದು ಮಾತು ಕೊಡಬೇಡಿ, ಅದನ್ನು ಉಳಿಸಿಕೊಳ್ಳಲಾಗದು. ಆಮೇಲೆ ಮಗುವಿನದೇ ಮಾತುಗಳಲ್ಲಿ, ದಿನಾಂಕ ಹಾಕಿ ಬರೆದಿಡಿ. ಅಜ್ಜಿಯ ಮುಂದೆ, ಚಿಕ್ಕಪ್ಪನ ಮುಂದೆ ಮತ್ತೆ ಮತ್ತೆ ಹೇಳಿಸುವುದು ಗಾಯವನ್ನು ಕೆದಕಿದಂತೆ. ಗಂಡುಮಕ್ಕಳ ವಿಷಯದಲ್ಲೂ ಇಷ್ಟೇ ಎಚ್ಚರ ಬೇಕು. ‘ಹುಡುಗನಲ್ಲವೇ, ಮರೆಯುತ್ತಾನೆ’ ಎಂದು ಬಿಟ್ಟುಬಿಡುವವರನ್ನು ಕಂಡರೆ ನನಗೆ ಸಂಕಟವಾಗುತ್ತದೆ.

ಘಟನೆ ಇತ್ತೀಚಿನದಾದರೆ ಆಸ್ಪತ್ರೆಗೆ ತಡಮಾಡಬೇಡಿ. ಎಚ್‌ಐವಿ ತಡೆಯುವ ಔಷಧ 72 ಗಂಟೆಯೊಳಗೆ ಶುರುವಾಗಬೇಕು. ಸ್ನಾನ ಮಾಡಿಸದೆ ಕರೆದೊಯ್ಯಿರಿ. ಬಟ್ಟೆಯನ್ನು ಒಗೆಯದೆ, ಪ್ಲಾಸ್ಟಿಕ್ ಬಿಟ್ಟು ಕಾಗದದ ಚೀಲದಲ್ಲಿಡಿ. ಸರ್ಕಾರಿಯಾಗಲಿ ಖಾಸಗಿಯಾಗಲಿ, ಯಾವ ಆಸ್ಪತ್ರೆಯೂ ತುರ್ತು ಚಿಕಿತ್ಸೆಗೆ ‘ಮೊದಲು ಪೊಲೀಸ್ ಪತ್ರ ತನ್ನಿ’ ಎನ್ನುವಂತಿಲ್ಲ, ಹಣವನ್ನೂ ಕೇಳುವಂತಿಲ್ಲ.

ದೂರಿಗೆ ಮಕ್ಕಳ ಸಹಾಯವಾಣಿ 1098 ಅಥವಾ ತುರ್ತು ಸಂಖ್ಯೆ 112ಕ್ಕೆ ಕರೆ ಮಾಡಿ. ಕೃತ್ಯ ಜಯನಗರದಲ್ಲಿ ನಡೆದಿದ್ದರೂ ಯಲಹಂಕದ ಠಾಣೆ ದೂರು ದಾಖಲಿಸಿಕೊಳ್ಳಲೇಬೇಕು. ಮಕ್ಕಳನ್ನು ಲೈಂಗಿಕ ಅಪರಾಧಗಳಿಂದ ರಕ್ಷಿಸುವ 2012ರ ಪೋಕ್ಸೊ ಕಾಯ್ದೆಯಡಿ, ಗೊತ್ತಿದ್ದೂ ತಿಳಿಸದಿರುವುದೇ ಅಪರಾಧ. ಮನೆಯ ಮರ್ಯಾದೆ ಎಂದು ಮುಚ್ಚಿಟ್ಟರೆ ಉಳಿಯುವುದು ಆರೋಪಿಯ ಮರ್ಯಾದೆ ಮಾತ್ರ. ಮಗುವಿನ ಹೇಳಿಕೆಯನ್ನು ಮನೆಯಲ್ಲೇ ಪಡೆಯಿರಿ ಎಂದು ನೀವು ಕೇಳಬಹುದು. ಪೊಲೀಸರು ಸಮವಸ್ತ್ರದಲ್ಲಿ ಬರಕೂಡದು. ರಾತ್ರಿ ಮಗುವನ್ನು ಠಾಣೆಯಲ್ಲಿ ಇರಿಸಿಕೊಳ್ಳಲೂಬಾರದು. ಅವರು 24 ಗಂಟೆಯೊಳಗೆ ಮಕ್ಕಳ ಕಲ್ಯಾಣ ಸಮಿತಿಗೆ ತಿಳಿಸಬೇಕು. ಆರೋಪಿ ಮನೆಯವನೇ ಆಗಿದ್ದರೆ ಅದನ್ನು ಮೊದಲ ಕರೆಯಲ್ಲೇ ಹೇಳಿ.

ಸಮಿತಿಯ ಬಳಿ ‘ಬೆಂಬಲ ವ್ಯಕ್ತಿ’ಯನ್ನು ಕೇಳಿ ಪಡೆಯಿರಿ. ಠಾಣೆಯಿಂದ ನ್ಯಾಯಾಲಯದವರೆಗೆ ಮಗುವಿನ ಜೊತೆಗಿರುವವರು ಇವರೇ. ಸಾಕ್ಷ್ಯ ಹೇಳುವಾಗ ಮಗು ಆರೋಪಿಯ ಮುಖ ನೋಡಬೇಕಾಗಿಲ್ಲ. ಇದನ್ನು ಮಗುವಿಗೆ ಮುಂಚೆಯೇ ತಿಳಿಸಿ.

ತಿಂಗಳುಗಳ ನಂತರವೂ ಮಗು ಹಾಸಿಗೆ ಒದ್ದೆ ಮಾಡಬಹುದು, ಓದಿನಲ್ಲಿ ಹಿಂದೆ ಬೀಳಬಹುದು. ಗದರಬೇಡಿ. ಬೆಂಗಳೂರಿನ ಹೊಸೂರು ರಸ್ತೆಯ ನಿಮ್ಹಾನ್ಸ್ ಆಸ್ಪತ್ರೆಯಲ್ಲಿ ಮಕ್ಕಳ ಮನೋವೈದ್ಯ ವಿಭಾಗವಿದೆ. ರಾತ್ರಿ ದೀಪ ಆರಿಸಬೇಡ ಎಂದರೆ ಆರಿಸಬೇಡಿ.